ಚಟ್ನಿಗೆಂದು ಒಯ್ದ ಕಲ್ಲು

ನಮ್ಮ ಮನೆಯಲ್ಲಿ ಹಲವು ವರ್ಷಗಳಿಂದ ಇತ್ಯರ್ಥವಾಗದೆ ಉಳಿದಿರುವ ವಿಷಯ ಒಂದೇ ಒಂದು. ಅದು ನನ್ನ ಮೇಜಿನ ಮೇಲೆ, ಕಾಗದಗಳು ಹಾರದಂತೆ ಇಟ್ಟಿರುವ ಹೊಳೆಯ ಕಲ್ಲು. ಅಂಗೈ ತುಂಬುವಷ್ಟು ಗಾತ್ರ, ಬೂದು ಬಣ್ಣ, ಒಂದು ಬದಿಗೆ ಬಿಳಿಯ ಗೆರೆ. ಅಡುಗೆಮನೆಯ ಆಡಳಿತ ಹೊತ್ತಿರುವ ನನ್ನ ಹೆಂಡತಿ ಶಾರದೆಯು, ಶುಂಠಿ ಜಜ್ಜಲು ಸದರಿ ಕಲ್ಲನ್ನು ಬಿಟ್ಟುಕೊಡಬೇಕೆಂದು ಅನೇಕ ಬಾರಿ ಮೌಖಿಕವಾಗಿ ಕೋರಿದ್ದಾಳೆ. ನಾನೂ ಅಷ್ಟೇ ಬಾರಿ ಕೋರಿಕೆಯನ್ನು ಪರಿಶೀಲಿಸಿ ತಿರಸ್ಕರಿಸಿದ್ದೇನೆ. ನಿನ್ನೆ ಆಕೆ ಸೌಟು ಹಿಡಿದುಕೊಂಡೇ ಬಂದು, "ಅದೇನ್ ಕಲ್ಲೋ ದೇವ್ರೋ? ಕೊಡದಿದ್ರೆ ಬ್ಯಾಡ, ಕಾರಣಾನಾದ್ರೂ ಹೇಳಿ" ಎಂದಳು. ಕಾರಣ ದೊಡ್ಡದು. ಒಲೆಯ ಮೇಲೆ ಒಗ್ಗರಣೆ ಇಟ್ಟು ಬಂದವರಿಗೆ ಹೇಳಿ ಮುಗಿಸುವಂಥದಲ್ಲ. ಆದಕಾರಣ ಬರೆದು ತಿಳಿಸುವುದೇ ಸೂಕ್ತವೆಂದು ಭಾವಿಸಿ, ಓದುಗರಾದ ತಮ್ಮ ಸಮ್ಮುಖದಲ್ಲಿ ಈ ಕೆಳಗಿನಂತೆ ನಿವೇದಿಸಿಕೊಳ್ಳುತ್ತಿದ್ದೇನೆ.

ನಾನು ಈವರೆಗೆ ಅರ್ಜಿ, ಜ್ಞಾಪನೆ ಮತ್ತು ಸಭೆಯ ನಡವಳಿಗಳ ಹೊರತು ಬೇರೇನನ್ನೂ ಬರೆದವನಲ್ಲ. ವಯನಾಡಿನ ಪುಲ್ಪಳ್ಳಿಯ ಪೇಟೆಯಲ್ಲಿ ಹಗಲೆಲ್ಲ ಕೂತು ಜನರಿಗೆ ಮಲಯಾಳದಲ್ಲಿ ಭೂಮಿಯ ಅರ್ಜಿ ಬರೆದುಕೊಡುತ್ತಿದ್ದೆ. ಸಂಜೆ ನಮ್ಮ ಕನ್ನಡ ವಾಚನಾಲಯದ ಕಾರ್ಯದರ್ಶಿಯಾಗಿ, ಗಡಿಯಾಚೆಯ ಕಚೇರಿಗಳಿಗೆ ಪುಸ್ತಕ ದಯಪಾಲಿಸಬೇಕೆಂದು ಕನ್ನಡದಲ್ಲಿ ಪತ್ರ ಬರೆಯುತ್ತಿದ್ದೆ. ಪುಸ್ತಕ ಬರಲಿಲ್ಲ. 'ತಮ್ಮ ಪತ್ರ ತಲುಪಿದೆ, ವಿಷಯ ಪರಿಶೀಲನೆಯಲ್ಲಿದೆ' ಎಂಬ ಉತ್ತರಗಳು ತಪ್ಪದೆ ಬಂದವು. ಪುಸ್ತಕಗಳಿಲ್ಲದ ವಾಚನಾಲಯದಲ್ಲಿ ನಾನು ಓದಿದ್ದು ಆ ಉತ್ತರಗಳನ್ನೇ. ನನ್ನ ಕನ್ನಡ ಗದ್ಯದ ಗುರುಗಳು ಅವನ್ನು ಬರೆದವರೇ ಆದುದರಿಂದ, ಇಲ್ಲಿ ಎಲ್ಲಿಯಾದರೂ ರಸ ಕಡಿಮೆಯಾಗಿ ಕಂಡಲ್ಲಿ ದಯವಿಟ್ಟು ಮನ್ನಿಸಬೇಕು.

ನಾನು ಹೇಳಹೊರಟಿರುವುದು ವಯನಾಡಿನಲ್ಲಿ ಎಲ್ಲರೂ ಭೂಮಿಯ ಮಾತನ್ನೇ ಆಡುತ್ತಿದ್ದ ವರ್ಷಗಳ ಸಂಗತಿ. ಭೂಮಿ ಹಂಚಿಯೇ ತೀರುತ್ತೇವೆಂದು ನಕ್ಸಲರು ಕಾಡು ಸೇರಿದ್ದರು. ನಾವೇ ಹಂಚುತ್ತೇವೆಂದು ಸರ್ಕಾರ ಕಚೇರಿ ತೆರೆದಿತ್ತು. ಹಂಚಿಕೆ ಆಗುವವರೆಗೆ ಅರ್ಜಿ ಬರೆಯುವವರಿಗೆ ಮಾತ್ರ ಬಿಡುವಿರಲಿಲ್ಲ. ಕಾಡಿನ ಬಾಯಿಗಳಲ್ಲೆಲ್ಲ ಪೊಲೀಸರು ಬಿದಿರಿನ ಅಡ್ಡಗಂಬ ಹಾಕಿದ್ದರು. ಕಾಡಿನವರು ಗುಂಪಾಗಿ ಕಾಡಿಗೆ ಹೋಗಕೂಡದು, ಅಕ್ಕಿ ಒಯ್ಯಲೇಕೂಡದು. ಅಕ್ಕಿ ಹೋದರೆ ಅಡಗಿರುವವರ ಹೊಟ್ಟೆಗೆ ಹೋಗುತ್ತದೆ ಎಂಬುದು ಅವರ ತರ್ಕ. ಕಾಡಿನಲ್ಲೇ ಹುಟ್ಟಿದವರಿಗೆ ಹೀಗೆ ಕಾಡು ಬಂದ್ ಆಯಿತು. ಪೇಟೆಯವರು ಕಾಡು ನೋಡಲು ಹೋಗುತ್ತೇವೆಂದು ಅರ್ಜಿ ಕೊಟ್ಟರೆ ಅನುಮತಿ ಸಿಗುತ್ತಿತ್ತು. ಈ ವ್ಯತ್ಯಾಸವನ್ನು ಗಮನಿಸಿದವನು ಅರ್ಜಿ ಬರೆಯುವ ನಾನಲ್ಲ, ಓದುಬರಹ ಬಾರದ ಬೊಮ್ಮ.

ಬೊಮ್ಮ ಚೇಕಾಡಿಯ ಅಂಚಿನ ಹಾಡಿಯವನು. ಜೇನು ತೆಗೆಯುವುದು, ಗದ್ದೆ ಕೆಲಸ, ಜೊತೆಗೆ ಯಾರೇ ಸಿಕ್ಕರೂ ನಂಬುವಂತೆ ಸುಳ್ಳು ಹೇಳುವುದು ಅವನ ಕಸುಬುಗಳು. ಒಂದು ದಿನ ವಾಚನಾಲಯದ ಜಗಲಿಯಲ್ಲಿ ಕೂತು, "ಅಯ್ಯಾ, ಕಾಡೊಳಗೆ ಕಲ್ಲುಗುಡಿ ಐತೆ. ಬಲು ಹಳೇದು. ನಿಮ್ಮಂತ ದೊಡ್ಡೋರು ನೋಡ್ಬೇಕಾದ್ದು. ನಾ ತೋರಿಸ್ತೀನಿ, ಒಂದು ಟೂರ್ ಹಾಕಿ" ಎಂದ. ಕಲ್ಲುಗುಡಿಯೆಂದರೆ ಹಿಂದಿನ ಕಾಲದ ಜೈನ ಬಸದಿ. ಛಾವಣಿ ಕುಸಿದು, ಮರದ ಬೇರುಗಳು ಹಿಡಿದು ನಿಲ್ಲಿಸಿದ ಕಂಬಗಳಷ್ಟೇ ಉಳಿದಿವೆ ಎಂದು ಕೇಳಿದ್ದೆ. ನನಗೆ ಆನಂದವಾಯಿತು. ಹಾಡಿಯ ಮನುಷ್ಯನಲ್ಲಿ ಪ್ರಾಚೀನ ಸಂಸ್ಕೃತಿಯ ಬಗ್ಗೆ ಇಂಥ ಕಾಳಜಿ ಇರುವುದನ್ನು ಸಭೆಯಲ್ಲಿ ವಿಶೇಷವಾಗಿ ಪ್ರಸ್ತಾಪಿಸಿ, ಒಂದು ದಿನದ ಜ್ಞಾನಪ್ರವಾಸಕ್ಕೆ ಒಪ್ಪಿಗೆ ಪಡೆದೆ.

ನಿಜಸ್ಥಿತಿ ನನಗೆ ತಿಳಿದದ್ದು ಆ ದಿನ ಮಧ್ಯಾಹ್ನ. ನಾನು ಪಟ್ಟ ಗಲಿಬಿಲಿ ಓದುಗರಿಗೂ ಆಗಬಾರದೆಂಬ ಉದ್ದೇಶದಿಂದ ಅದನ್ನು ಮುಂಚಿತವಾಗಿಯೇ ತಮ್ಮ ಗಮನಕ್ಕೆ ತರುತ್ತಿದ್ದೇನೆ. ಬೊಮ್ಮನಿಗೆ ಮಾರಿ ಎಂಬ ಅಕ್ಕ. ಮಾರಿಯ ಒಬ್ಬನೇ ಮಗ ಕರಿಯ ಕಾಡಿನ ದಾರಿಗಳನ್ನು ಬಲ್ಲವನಾಗಿದ್ದ. ಆ ದಿನಗಳಲ್ಲಿ ದಾರಿ ಬಲ್ಲವನು ಎರಡೂ ಪಕ್ಷಕ್ಕೆ ಬೇಕಾದವನು. ಅಡಗಿದ್ದವರು ಬಂದು ದಾರಿ ತೋರಿಸು ಎಂದರು. ಅವರನ್ನು ಹುಡುಕುವವರು ಬಂದು ಅದೇ ದಾರಿ ತೋರಿಸು ಎಂದರು. ಮಳೆಗಾಲವಿಡೀ ನೆನೆದು ಅಲೆದವನು ಜ್ವರ ಹೊತ್ತು ಹಾಡಿಗೆ ಮರಳಿ ತೀರಿಕೊಂಡ. ಎರಡೂ ಪಕ್ಷಗಳಿಂದ ಸಂತಾಪ ಸೂಚನೆ ಬಂದ ಬಗ್ಗೆ ದಾಖಲೆಯಿಲ್ಲ.

ಆ ಹಾಡಿಯ ಪದ್ಧತಿಯಂತೆ, ಸತ್ತವರ ಹೆಸರಿನಲ್ಲಿ ಹೊಳೆಯಿಂದ ಒಂದು ಕಲ್ಲು ಆರಿಸಿ, ಕಲ್ಲುಗುಡಿಯ ಹಿಂದೆ ಹಿರಿಯರ ಕಲ್ಲುಗಳ ಸಾಲಿಗೆ ಸೇರಿಸಬೇಕು. ಅದೂ ಮುಂದಿನ ಮಳೆ ಹಿಡಿಯುವ ಮೊದಲು. ಅಲ್ಲಿಯವರೆಗೆ ಸತ್ತವನು ಒಳಗೂ ಬರಲಾರದೆ ಹೊರಗೂ ಹೋಗಲಾರದೆ ಹೊಸ್ತಿಲಲ್ಲೇ ನಿಂತಿರುತ್ತಾನಂತೆ. ಮಗ ನಿಂತಿರುವಾಗ ತಾಯಿ ಕೂತು ಉಣ್ಣುವಂತಿಲ್ಲ. ಮಾರಿ ಒಂದು ಬೇಸಗೆ ಮುಗಿಯುವವರೆಗೂ ನಿಂತೇ ಉಂಡಿದ್ದಳು. ಕಲ್ಲುಗುಡಿಯ ದಾರಿಗೆ ಅಡ್ಡಗಂಬ ಬಿದ್ದಿತ್ತು. ಮೋಡ ಕಟ್ಟತೊಡಗಿತ್ತು. ಇಷ್ಟು ಗಮನದಲ್ಲಿದ್ದರೆ ಮುಂದಿನದೆಲ್ಲ ಸುಲಭ. ನನ್ನ ಗಮನದಲ್ಲಿ ಇದಾವುದೂ ಇರಲಿಲ್ಲ. ನನ್ನ ಗಮನವೆಲ್ಲ ಕಾರ್ಯಕ್ರಮ ಪಟ್ಟಿಯ ಮೇಲಿತ್ತು.

ಮೊದಲ ಭಿನ್ನಾಭಿಪ್ರಾಯ ಬಂದದ್ದು ಸಹಾಯಕರ ವಿಷಯದಲ್ಲಿ. ಒಬ್ಬ ಮಾರ್ಗದರ್ಶಿ ಸಾಕೆಂದು ನಾನು, ಸಾಲದೆಂದು ಬೊಮ್ಮ.

"ನೀರಿನ ಕೊಡ ಹೊರೋಕೆ ಒಬ್ಬ ಬೇಕು ಅಯ್ಯಾ. ಆನೆ ಬಂದ್ರೆ ಕೆಮ್ಮಕ್ಕೆ ಒಬ್ಬ. ಜಿಗಣೆ ಕೀಳಕ್ಕೆ ಒಬ್ಬ."

"ಈ ಬಿಸಿಲಲ್ಲಿ ಜಿಗಣೆ ಎಲ್ಲಿಂದ ಬರುತ್ತೆ?"

"ಪಿನ್ನೆ, ಆಮ್ಯಾಕೆ ಮಳೆ ಬಂದ್ಬುಟ್ರೆ?"

"ಸರಿ. ಈ ಮಾರಿ ಯಾಕೆ?"

"ಅಡುಗೆಗೆ."

"ಅಧ್ಯಕ್ಷರ ಹೆಂಡತಿ ಕಮಲಕ್ಕ ಬುತ್ತಿ ತರ್ತಾರಲ್ಲ."

"ಬುತ್ತಿ ಬಿಸಿ ಮಾಡಕ್ಕೆ" ಎಂದ ಬೊಮ್ಮ. ಇಂಥ ತಯಾರಿಯನ್ನು ಮೆಚ್ಚಿ ಎಲ್ಲರ ಹೆಸರನ್ನೂ ಪಟ್ಟಿಗೆ ಸೇರಿಸಿದೆ. ಹೀಗೆ ಪ್ರವಾಸಿಗಳಿಗಿಂತ ಸಹಾಯಕರ ಸಂಖ್ಯೆ ಹೆಚ್ಚಾಯಿತು. ಕೂಲಿ ಬೇಡ, ಊಟ ಸಾಕು ಎಂದಾಗಲಾದರೂ ನನಗೆ ಅನುಮಾನ ಬರಬೇಕಿತ್ತು. ನನ್ನ ಸಂಘಟನಾ ಚಾತುರ್ಯವೆಂದು ಹಿಗ್ಗಿದೆ.

ಎರಡನೆಯ ಭಿನ್ನಾಭಿಪ್ರಾಯ ಸ್ಥಳಗಳ ಕ್ರಮದ ಬಗ್ಗೆ. ನನ್ನ ಪಟ್ಟಿಯಲ್ಲಿ ಮೊದಲು ಕಲ್ಲುಗುಡಿ, ತರುವಾಯ ಹೊಳೆಯ ಪ್ರಕೃತಿ ಸೌಂದರ್ಯ. ಬೊಮ್ಮ ಕೇಳಲಿಲ್ಲ. "ಮೊದ್ಲು ಹೊಳೆ ಅಯ್ಯಾ. ಹೊಳೆ ನೋಡ್ದೆ ಹೋದೋರಿಗೆ ಗುಡಿ ಕಾಣಕ್ಕಿಲ್ಲ" ಎಂದ. ಇದೊಂದು ಸ್ಥಳೀಯ ಐತಿಹ್ಯವಿರಬೇಕೆಂದು ಪಟ್ಟಿಯನ್ನು ತಿದ್ದಿದೆ.

ಪ್ರವಾಸದ ದಿನ ಬಾಡಿಗೆ ಜೀಪಿನಲ್ಲಿ ನಾವು ಹೊರಟೆವು. ಮುಂದಿನ ಸೀಟಿನಲ್ಲಿ ವಾಚನಾಲಯದ ಅಧ್ಯಕ್ಷರೂ ಮೆಣಸಿನ ವ್ಯಾಪಾರಿಗಳೂ ಆದ ರುದ್ರಪ್ಪನವರು, ಜರಿ ಪೇಟ ಸಮೇತ. ಹಿಂದೆ ಅವರ ಪತ್ನಿ ಕಮಲಕ್ಕ, ಬುತ್ತಿಯ ಬುಟ್ಟಿಗಳು, ಕೆಲವು ಸದಸ್ಯರು, ಹಾಗೂ ಬುಟ್ಟಿಗಳ ಕೆಳಗೆ ಕಾರ್ಯದರ್ಶಿ. ಸಹಾಯಕರಿಗೆ ಜೀಪಿನಲ್ಲಿ ಸ್ಥಳಾವಕಾಶವಿರಲಿಲ್ಲ. ಅವರು ಗದ್ದೆಯ ಬದುವಿನಲ್ಲಿ ನಡೆದು ನಮಗಿಂತ ಮೊದಲೇ ಹೊಳೆ ತಲುಪಿ ಕಾಯುತ್ತಿದ್ದರು. ಕಮಲಕ್ಕ ಎಲ್ಲರಿಗೂ ಚಹಾ ಬಗ್ಗಿಸಿಕೊಟ್ಟರು. ಮಾರಿ ನಿಂತೇ ಕುಡಿದಳು. "ಕೂತ್ಕೊಳಮ್ಮ, ನನ್ನ ಮುಂದೆ ಸಂಕೋಚ ಬೇಡ" ಎಂದೆ. ಕಾರ್ಯದರ್ಶಿಯ ಹುದ್ದೆಗೆ ಆಕೆ ತೋರಿದ ಮರ್ಯಾದೆ ನನ್ನನ್ನು ಮುಟ್ಟಿತ್ತು.

ಇಲ್ಲಿ ನನ್ನ ತಂದೆಯವರ ವಿಷಯವನ್ನು ಪ್ರಸ್ತಾಪಿಸುವುದು ಅಗತ್ಯವಾಗಿದೆ. ಅವರು ಗುಂಡ್ಲುಪೇಟೆಯ ಕಡೆಯಿಂದ ಬಂದು ಇಲ್ಲಿ ಮೆಣಸು ಕೊಳ್ಳುತ್ತಿದ್ದರು. ನನ್ನ ಬಾಲ್ಯ ಮೆಣಸಿನ ಚೀಲಗಳ ಮೇಲೆಯೇ ಕಳೆಯಿತು. ಈಗಲೂ ಮೆಣಸಿನ ಘಾಟಿಗೆ ಎಲ್ಲರಿಗೂ ಸೀನು ಬಂದರೆ ನನಗೆ ನಿದ್ದೆ ಬರುತ್ತದೆ. ತಂದೆಯವರು ತಕ್ಕಡಿಗೆ ಹಾಕುವ ಮೊದಲು ಯಾವುದನ್ನೇ ಆದರೂ ಅಂಗೈಯಲ್ಲಿಟ್ಟು ತೂಗಿ, ಕಣ್ಣು ಮುಚ್ಚಿ, "ಹ್ಞಾಂ" ಎನ್ನುವರು. ನಾನು ಹೈಸ್ಕೂಲಿನ ಪರೀಕ್ಷೆ ಪಾಸಾದಾಗಲೂ ಅಂಕಪಟ್ಟಿಯನ್ನು ಓದಲಿಲ್ಲ. ಅಂಗೈಯಲ್ಲಿಟ್ಟು ನೋಡಿದರು. "ಹ್ಞಾಂ" ಎನ್ನಲಿಲ್ಲ.

ಹೊಳೆಯಂಚಿನಲ್ಲಿ ಮೊಣಕಾಲುದ್ದ ನೀರಲ್ಲಿ ನಿಂತು ಮಾರಿ ಒಂದೊಂದೇ ಕಲ್ಲನ್ನೆತ್ತಿ ಹಾಗೆಯೇ ತೂಗಿ ನೋಡುತ್ತಿರುವುದನ್ನು ಕಂಡಾಗ, ನನ್ನೊಳಗಿನ ವ್ಯಾಪಾರಿಯ ಮಗನಿಗೆ ಎಲ್ಲವೂ ಅರ್ಥವಾಯಿತು. ಆಕೆ ಏನೋ ಗೊಣಗಿ, ಕಿವಿಗೊಟ್ಟು, ತಲೆಯಾಡಿಸಿ ಕಲ್ಲನ್ನು ನೀರಿಗೆ ಬಿಡುವಳು. ಮತ್ತೊಂದನ್ನು ಎತ್ತುವಳು. ಸಂತೆಯಲ್ಲಿ ಹೆಂಗಸರು ಗುಂಡುಕಲ್ಲು ಆರಿಸುವ ರೀತಿಯೇ ಅದು.

"ಏನು, ಚಟ್ನಿ ಅರೆಯೋಕಾ?" ಎಂದು ಬೊಮ್ಮನನ್ನು ಕೇಳಿದೆ.

ಬೊಮ್ಮ ಒಂದು ಗಳಿಗೆ ನನ್ನ ಮುಖ ನೋಡಿದ. "ಹೂಂ ಅಯ್ಯಾ. ಚಟ್ನಿಗೇಯ" ಎಂದ.

ಅಷ್ಟರಲ್ಲಿ ಮಾರಿ ಬಿಳಿ ಗೆರೆಯ ಕಲ್ಲೊಂದನ್ನು ಬಹಳ ಹೊತ್ತು ಹಿಡಿದಿದ್ದು, ಎದೆಗೊತ್ತಿ, ಕಡೆಗೆ ನಿಟ್ಟುಸಿರು ಬಿಟ್ಟಳು. ಅದನ್ನು ನೀರಿಗೆ ಹಾಕಲು ಮನಸ್ಸು ಬಾರದವಳಂತೆ ದಡದಲ್ಲಿದ್ದ ನನ್ನ ಕೈಗಿಟ್ಟು, "ಇದು ಅಲ್ಲ. ನೀ ಮಡಿಕ್ಕೋ" ಎಂದಳು. ಒಳ್ಳೆಯ ನುಣುಪಾಗಿತ್ತು. ಮೇಜಿಗೆ ಆದೀತೆಂದು ಜೇಬಿಗೆ ಹಾಕಿಕೊಂಡೆ. ಸ್ವಲ್ಪ ದೂರದಲ್ಲಿ ಆಕೆಗೆ ತಕ್ಕ ಕಲ್ಲು ಸಿಕ್ಕಿತು. ನನ್ನದರ ಎರಡರಷ್ಟು ದೊಡ್ಡದು. ಅದನ್ನು ಸೆರಗಿನಲ್ಲಿ ಸುತ್ತಿ ಸೊಂಟಕ್ಕೆ ಏರಿಸಿಕೊಂಡಳು, ಮಗುವನ್ನು ಎತ್ತಿಕೊಳ್ಳುವಂತೆ. ಚಟ್ನಿಯ ಬಗ್ಗೆ ಇಷ್ಟು ಆಸ್ಥೆ ಇರುವ ಅಡುಗೆಯವರು ಈಗಿನ ಕಾಲದಲ್ಲಿ ಅಪರೂಪವೆಂದು ರುದ್ರಪ್ಪನವರಿಗೆ ಹೇಳಿದೆ. ಅವರ ಬಾಯಲ್ಲಿ ನೀರೂರಿತು.

ಕಾಡಿನ ಬಾಯಲ್ಲಿ ಅಡ್ಡಗಂಬ. ಅದರ ಪಕ್ಕದ ಚಪ್ಪರದಿಂದ ಒಬ್ಬ ಪೊಲೀಸಿನವನು ಎದ್ದುಬಂದ. ಅನುಮತಿ ಪತ್ರ ಓದಿದ. ಸಹಾಯಕರ ಸಾಲನ್ನು ನೋಡಿದ. ಕೋಲಿನಿಂದ ಮಾರಿಯ ಸೆರಗನ್ನು ತೋರಿಸಿ, "ಎಂದಾ ಇದ್?" ಎಂದ. ಏನಿದು ಎಂದು ಕೇಳಿದ್ದಕ್ಕೆ ಮಾರಿ ಕಲ್ಲನ್ನು ಇನ್ನಷ್ಟು ಅವುಚಿಕೊಂಡಳು.

ಸಾರ್ವಜನಿಕರ ಪರವಾಗಿ ಅಧಿಕಾರಿಗಳಿಗೆ ವಿವರಣೆ ನೀಡುವುದು ನನ್ನ ವೃತ್ತಿ. ಮುಂದೆ ಬಂದು, ಸದರಿ ಕಲ್ಲು ಪ್ರವಾಸಿಗಳ ಚಟ್ನಿ ಅರೆಯಲು ಒಯ್ಯುತ್ತಿರುವುದೆಂದು ಮಲಯಾಳದಲ್ಲಿ ವಿವರಿಸಿದೆ.

ಅವನು ಮಾರಿಯ ಸೊಂಟಕ್ಕೆ ಕಟ್ಟಿದ್ದ ಸಣ್ಣ ಚೀಲವನ್ನು ಮುಟ್ಟಿ, "ಅರಿಯೋ? ಕಾಟ್ಟಿಲ್ ಅರಿ ಆರ್ಕಾ?" ಎಂದ. ಕಾಡಿನಲ್ಲಿ ಅಕ್ಕಿ ಯಾರಿಗೆ? ಹಿಡಿಯಷ್ಟು ಅಕ್ಕಿ. ಆದರೂ ಅಕ್ಕಿ. ಬೊಮ್ಮನ ಮುಖ ಬಿಳುಪೇರಿತು. ಇದರಲ್ಲೇನಿದೆ ಎಂದುಕೊಂಡು, ಅದು ಪಾಯಸಕ್ಕೆ ಎಂದು ನಾನೇ ಹೇಳಿದೆ. ಹಿಂದಿನಿಂದ ರುದ್ರಪ್ಪನವರು, "ಪಾಯಸಾನೂ ಇದೆಯಾ ಸೆಕ್ರೆಟ್ರಿ? ಹೇಳ್ಲೇ ಇಲ್ಲ ನೀನು" ಎಂದರು.

ಆಗ ಆನೆಗೆ ಕೆಮ್ಮಲು ನೇಮಕವಾಗಿದ್ದವನ ಕಂಬಳಿಯೊಳಗಿಂದ ಕೋಳಿ ಕೂಗಿತು.

ರುದ್ರಪ್ಪನವರ ಮನೆಯಲ್ಲಿ ಮೊಟ್ಟೆಯ ಹೆಸರನ್ನೂ ಎತ್ತುವುದಿಲ್ಲ. ಅವರೆದುರು ಈ ಬಾಬತ್ತನ್ನು ಊಟದ ಪಟ್ಟಿಗೆ ಸೇರಿಸುವಷ್ಟು ಧೈರ್ಯ ನನಗಿರಲಿಲ್ಲ. ಬೊಮ್ಮನೇ ಕೈಮುಗಿದು, "ನಮ್ಮತಾವ ಗಡಿಯಾರ ಇಲ್ಲ ಸಾರೇ. ಹೊತ್ತು ತಿಳ್ಯಕ್ಕೆ" ಎಂದ.

"ಇದ್ ವಾಚಾ?" ಎಂದ ಪೊಲೀಸಿನವನು, ಕೋಳಿಯನ್ನು ನೋಡುತ್ತ. ಅವನಿಗೂ ಬಿಸಿಲು, ಬೇಸರ. "ಮಡಙ್ಙುಂಬೋಳ್ ಎಲ್ಲಾಂ ಕಾಣಿಕ್ಕಣಂ" ಎಂದು, ಮರಳುವಾಗ ಎಲ್ಲವನ್ನೂ ತೋರಿಸಬೇಕೆಂದು ತಾಕೀತು ಮಾಡಿ ಅಡ್ಡಗಂಬ ಎತ್ತಿದ. ಹೋದ ವಸ್ತುಗಳು ಹೋದಂತೆಯೇ ಹಿಂದಿರುಗಬೇಕು, ಅಷ್ಟೆ. ಅದರಲ್ಲಿ ತೊಂದರೆಯಿರಲು ಸಾಧ್ಯವೆಂದು ನನಗೆ ತೋಚಲಿಲ್ಲ.

ಕಲ್ಲುಗುಡಿ ಕೇಳಿದ್ದಕ್ಕಿಂತ ಭವ್ಯವಾಗಿತ್ತು. ವಾಲಿದ ಕಂಬಗಳು, ನಡುವೆ ತಲೆಯಿಲ್ಲದೆ ಧ್ಯಾನಕ್ಕೆ ಕೂತ ಮೂರ್ತಿ, ಬಾಗಿಲುವಾಡದ ಬಳ್ಳಿಯ ಕೆತ್ತನೆಗೆ ನಿಜವಾದ ಬಳ್ಳಿ ಸುತ್ತಿಕೊಂಡು ಯಾವುದು ಯಾವುದೆಂದು ತಿಳಿಯುತ್ತಿರಲಿಲ್ಲ. ಬೊಮ್ಮ ವಿವರಣೆ ಆರಂಭಿಸಿದ.

"ಇಲ್ಲಿ ರಾಜ ಕೂತ್ಕತಿದ್ದ. ಇಲ್ಲಿ ರಾಜ ಮೀತಿದ್ದ. ಈ ಮೂಲೇಲಿ ರಾಜನ ಹೆಂಡ್ತಿ ಮುನಿಸ್ಕಂಡು ಮಲಗ್ತಿದ್ಳು."

"ಯಾವ ರಾಜ ಕಣಯ್ಯ?" ಎಂದರು ರುದ್ರಪ್ಪನವರು.

"ದೊಡ್ಡ ರಾಜ ಬುದ್ಧಿ."

ನಾನು ಇದನ್ನೆಲ್ಲ ಬರೆದುಕೊಂಡೆ. ಬರೆದು ತಲೆಯೆತ್ತಿದರೆ ಸಹಾಯಕರು ಒಬ್ಬರೂ ಇಲ್ಲ. ಕಮಲಕ್ಕನೂ ಇಲ್ಲ. ಊಟದ ಹೊತ್ತು ಮೀರುತ್ತಿತ್ತು. ಚಟ್ನಿಯ ಪ್ರಗತಿ ವಿಚಾರಿಸಲು ಗುಡಿಯ ಹಿಂಬದಿಗೆ ಹೋದೆ.

ಗೋಡೆಯ ನೆರಳಿನಲ್ಲಿ ಕಮಲಕ್ಕ ಬಾಯಿಗೆ ಸೆರಗು ಹಿಡಿದು ನಿಂತಿದ್ದರು. ನನ್ನನ್ನು ಕಂಡು ಮಾತಾಡಬೇಡವೆಂದು ಕೈಸನ್ನೆ ಮಾಡಿದರು. ಗೋಡೆಯುದ್ದಕ್ಕೂ ಹೊಳೆಯ ಕಲ್ಲುಗಳು ಸಾಲಾಗಿ, ಒಂದನ್ನೊಂದು ಒರಗಿ ಕೂತಿದ್ದವು. ಕೆಲವಕ್ಕೆ ಪಾಚಿ ಹಿಡಿದಿತ್ತು, ಕೆಲವು ಅರ್ಧ ಮಣ್ಣಲ್ಲಿದ್ದವು. ಸಾಲಿನ ಕೊನೆಯಲ್ಲಿ ಮಾರಿ ಸೆರಗು ಬಿಚ್ಚಿ ತನ್ನ ಕಲ್ಲನ್ನು ಇಳಿಸುತ್ತಿದ್ದಳು. ಹಿಡಿ ಅಕ್ಕಿ ಅದರ ಮುಂದೆ ಸುರಿದಳು.

"ಬಾ ಕರಿಯಾ. ಇಲ್ಲಿ ಕೂತ್ಕೋ" ಎಂದಳು. "ಅಜ್ಜ ಅವ್ನೆ, ಮಾವ ಅವ್ನೆ, ಪೇಡಿ ಬ್ಯಾಡ ನಿಂಗೆ, ಹೆದ್ರಬ್ಯಾಡ. ಇನ್ನು ಯಾರು ಕರುದ್ರೂ ಎದ್ದೋಗ್ಬ್ಯಾಡ. ಯಾರ್ಗೂ ದಾರಿ ತೋರಿಸ್ಬ್ಯಾಡ ಮಗಾ. ದಾರಿ ತೋರ್ಸಿದ್ದು ಮದಿ, ಸಾಕು."

ಕಂಬಳಿಯವನು ಕೋಳಿಯ ಕಾಲಿನ ಹಗ್ಗ ಬಿಚ್ಚಿದ. ಅದನ್ನು ಕೊಯ್ಯುವುದಲ್ಲ, ಸತ್ತವನ ಹೆಸರಲ್ಲಿ ಬಿಡುವುದು. ಅದು ಕುಸಿದ ಛಾವಣಿಯ ಮೇಲೆ ಹಾರಿ ಕೂತು, ದೊಡ್ಡ ರಾಜ ತಾನೇ ಎಂಬಂತೆ ಕತ್ತು ಕೊಂಕಿಸಿ ನೋಡಿತು. ನನ್ನ ಕೈಯಲ್ಲಿದ್ದ ಕಾರ್ಯಕ್ರಮ ಪಟ್ಟಿಯನ್ನು ಎಲ್ಲಿಡಬೇಕೆಂದು ತಿಳಿಯದೆ ನಾಲ್ಕಾಗಿ ಮಡಿಸಿ ಜೇಬಿಗೆ ಹಾಕಿದೆ. ಅಲ್ಲಿ ಆ ಬಿಳಿ ಗೆರೆಯ ಕಲ್ಲು ತಣ್ಣಗೆ ಬೆರಳಿಗೆ ತಾಕಿತು. 'ಇದು ಅಲ್ಲ' ಎಂದರೆ ಏನೆಂದು ಆಗ ತಿಳಿಯಿತು.

ಊಟಕ್ಕೆ ಎಲೆ ಹಾಕಿದಾಗ ಕಮಲಕ್ಕ ಯಾರನ್ನೂ ಕೇಳದೆ ತಮ್ಮ ಪಕ್ಕದಲ್ಲೇ ಒಂದು ಎಲೆ ಹಾಕಿ, "ಬಾರವ್ವ" ಎಂದರು. ಮಾರಿ ಬಂದಳು. ನೆಲ ಎಷ್ಟು ದೂರವಿದೆಯೆಂದು ಮರೆತವಳಂತೆ ಒಂದು ಕೈಯೂರಿ, ನಿಧಾನವಾಗಿ, ಮೊಣಕಾಲು ಮಡಚಿ ಕೂತಳು. ಕೂತು ಉಂಡಳು. ಎರಡನೆಯ ಸಲ ಬಡಿಸಿದ್ದನ್ನೂ ಬೇಡವೆನ್ನಲಿಲ್ಲ.

"ಚಟ್ನಿ ಎಲ್ಲೇ?" ಎಂದರು ರುದ್ರಪ್ಪನವರು.

"ಉಪ್ಪಿನಕಾಯಿ ಇದೆ. ಸುಮ್ಕೆ ತಿನ್ನಿ."

"ಪಾಯಸ?"

"ತಿನ್ನೋರು ತಿಂದ್ರು" ಎಂದು ಕಮಲಕ್ಕ ಬಾಗಿ ಅವರ ಕಿವಿಯಲ್ಲಿ ಏನೋ ಹೇಳಿದರು. ರುದ್ರಪ್ಪನವರು ಅಗಿಯುವುದನ್ನು ನಿಲ್ಲಿಸಿದರು. ಅನಂತರ ಕೈತೊಳೆಯುವ ನೆಪದಲ್ಲಿ ಗುಡಿಯ ಹಿಂದಕ್ಕೆ ಹೋದವರು ಬಹಳ ಹೊತ್ತು ಬರಲಿಲ್ಲ. ಬಂದಾಗ ಜರಿ ಪೇಟ ತಲೆಯ ಮೇಲಿರದೆ ಕಂಕುಳಲ್ಲಿತ್ತು.

ಮರಳುವ ದಾರಿಯಲ್ಲಿ ಅಡ್ಡಗಂಬ ಕಾಣಿಸಿದಾಗಲೇ ನನಗೆ ಪೊಲೀಸಿನವನ ತಾಕೀತು ನೆನಪಾದದ್ದು. ಕಲ್ಲಿಲ್ಲ, ಅಕ್ಕಿಯಿಲ್ಲ, ಕೋಳಿಯಿಲ್ಲ. ನಿಜ ಹೇಳಿದರೆ ಗುಂಪಾಗಿ ಪೂಜೆಗೆ ಹೋದರೆಂದು ಹಾಡಿಯವರನ್ನು ಹಿಡಿಯುವರು. ಕಲ್ಲನ್ನು ಕಿತ್ತು ತನ್ನಿ ಎಂದರೂ ಎಂದಾರು. ಮಾರಿ ನನ್ನ ಹಿಂದೆಯೇ ನಿಂತಿದ್ದಳು. ಆಕೆಯ ಉಸಿರು ಕೇಳುತ್ತಿತ್ತು.

"ಅರಿ?"

"ಪಾಯಸ ಆಯಿತು" ಎಂದೆ. ನನ್ನ ಜೀವಮಾನದಲ್ಲಿ ದಾಖಲೆಯಿಲ್ಲದೆ ಅಧಿಕಾರಿಗೆ ಕೊಟ್ಟ ಮೊದಲ ಹೇಳಿಕೆ ಅದು.

"ವಾಚ್?"

"ಹೊತ್ತಾಯ್ತು ಸಾರೇ. ಹೊಂಟೋಯ್ತು" ಎಂದ ಬೊಮ್ಮ.

"ಕಲ್ಲೋ?"

ನಾನು ಜೇಬಿಗೆ ಕೈಹಾಕಿ ಬಿಳಿ ಗೆರೆಯ ಕಲ್ಲನ್ನು ತೆಗೆದು ಅವನ ಅಂಗೈಗಿಟ್ಟೆ. ಅವನು ತೂಗಿ ನೋಡಿದ. "ಇದ್ ಚೆರುದಾಯಲ್ಲೋ" ಎಂದ. ಚಿಕ್ಕದಾಗಿಬಿಟ್ಟಿದೆಯಲ್ಲ ಎಂಬ ಆಕ್ಷೇಪಣೆಗೆ ನನ್ನ ಬಳಿ ಸಮಜಾಯಿಷಿ ಇರಲಿಲ್ಲ.

ಆಗ ಜೀಪಿನ ಮುಂದಿನ ಸೀಟಿನಿಂದ, ವ್ಯಾಪಾರದಲ್ಲಿ ಒಂದು ಕಾಳಿನ ಸುಳ್ಳನ್ನೂ ಆಡದವರೆಂದು ಪೇಟೆಯಲ್ಲೆಲ್ಲ ಹೆಸರಾದ ರುದ್ರಪ್ಪನವರು ಗಂಟಲು ಸರಿಪಡಿಸಿಕೊಂಡರು. "ಸವೆದದೆ ಕಣಪ್ಪ" ಎಂದರು. "ನಮ್ಮನೆಯೋರು ಅರೆಯೋಕೆ ಕೂತ್ರೆ ಬಲವಾಗಿ ಅರೀತಾರೆ."

ಪೊಲೀಸಿನವನು ಅವರ ಬರಿದಾದ ತಲೆಯನ್ನು ನೋಡಿದ, ಕಮಲಕ್ಕನ ಕೆಂಪಾದ ಕಣ್ಣುಗಳನ್ನು ನೋಡಿದ, ಕಡೆಗೆ ಮಾರಿಯ ಖಾಲಿ ಸೆರಗನ್ನು ಸ್ವಲ್ಪ ಹೆಚ್ಚು ಹೊತ್ತೇ ನೋಡಿದ. ಕಲ್ಲನ್ನು ನನಗೆ ಹಿಂದಿರುಗಿಸಿ, "ಚಟ್ನಿ ನನ್ನಾಯೋ?" ಎಂದು ಕೇಳಿದ. ಚಟ್ನಿ ಚೆನ್ನಾಗಿತ್ತೇ?

"ಚೆನ್ನಾಗಿತ್ತು" ಎಂದೆವು ಎಲ್ಲರೂ. ಅವನು ಅಡ್ಡಗಂಬ ಎತ್ತಿದ. ಅವನಿಗೆ ಎಷ್ಟು ತಿಳಿದಿತ್ತೆಂಬುದು ಇಂದಿಗೂ ನನಗೆ ತಿಳಿಯದು. ಮಾರನೆಯ ದಿನವೇ ಮಳೆ ಹಿಡಿಯಿತು.

ಮರುವರ್ಷ ಬೇಸಗೆಯಲ್ಲಿ ಬೊಮ್ಮ ಮತ್ತೆ ಬಂದು ಜಗಲಿಯಲ್ಲಿ ಕೂತು, "ಟೂರ್ ಇಲ್ವಾ ಅಯ್ಯಾ?" ಎಂದ. ಹಾಡಿಯಲ್ಲಿ ಒಬ್ಬ ಮುದುಕಿ ತೀರಿಕೊಂಡಿದ್ದಳು. ಸಭೆಯಲ್ಲಿ ಕೆಲವರು ಈ ಸಲ ಗುಹೆ ನೋಡೋಣ, ಸಮುದ್ರ ನೋಡೋಣ ಎಂದರು. ಅಧ್ಯಕ್ಷರು ಮೇಜು ಕುಟ್ಟಿ, ಕಲ್ಲುಗುಡಿಯನ್ನು ನಾವಿನ್ನೂ ಸರಿಯಾಗಿ ನೋಡಿಲ್ಲವೆಂದರು. ಹೀಗೆ ಅಡ್ಡಗಂಬ ಇದ್ದಷ್ಟು ಕಾಲ ನಮ್ಮ ವಾಚನಾಲಯ ಅದೇ ಹೊಳೆಗೆ, ಅದೇ ಗುಡಿಗೆ ಜ್ಞಾನಪ್ರವಾಸ ಕೈಗೊಂಡಿತು. ಯಾರೂ ತೀರಿಕೊಳ್ಳದ ವರ್ಷ ಸದಸ್ಯರಿಗೆ ಕೆಲಸವಿರುತ್ತಿತ್ತು, ಪ್ರವಾಸವಿರುತ್ತಿರಲಿಲ್ಲ. ಅಡ್ಡಗಂಬ ತೆಗೆದ ವರ್ಷದಿಂದ ಹಾಡಿಯವರು ತಾವಾಗಿಯೇ ಹೋಗಿಬರತೊಡಗಿದರು. ನಮಗೂ ಪ್ರಾಚೀನ ಸಂಸ್ಕೃತಿಯ ಆಸಕ್ತಿ ತಾನಾಗಿ ಕಡಿಮೆಯಾಯಿತು.

ಮಾರಿಯನ್ನು ಕಡೆಯ ಸಲ ಕಂಡದ್ದು ಪುಲ್ಪಳ್ಳಿಯ ಸಂತೆಯಲ್ಲಿ. ಗೆಣಸಿನ ರಾಶಿಯ ಮುಂದೆ ಆರಾಮವಾಗಿ ಕೂತಿದ್ದಳು. ಗುರುತು ಹಿಡಿದು, "ಆ ಕಲ್ಲು ಮಡಗಿದ್ದೀಯಾ ಅಯ್ಯಾ?" ಎಂದು ಕೇಳಿದಳು.

"ಇದೆ. ಮೇಜಿನ ಮೇಲಿದೆ."

"ಮಡಗಿರು. ಅದು ನನ್ ಮಗ ಅಲ್ಲ, ಆದ್ರೆ ಯಾರ್ದೋ ಇರ್ತದೆ. ಆ ವರ್ಸ ದಾರೀಲಿ ಹೋದ ಮಕ್ಳು ಬೇಕಾದಷ್ಟಿದ್ರು. ಕೇಳ್ಕಂಡು ಯಾರಾದ್ರೂ ಬಂದ್ರೆ ಕೊಟ್ಬುಡು."

ಈವರೆಗೆ ಯಾರೂ ಕೇಳಿಕೊಂಡು ಬಂದಿಲ್ಲ. ಮೇಲ್ಕಂಡ ಕಾರಣಗಳಿಂದ, ಶಾರದೆಯ ಶುಂಠಿಗೆ ಬೇರೆ ಕಲ್ಲನ್ನು ಒದಗಿಸಲಾಗುವುದು. ವಾರಸುದಾರರು ಬಂದು, ಅಂಗೈಯಲ್ಲಿಟ್ಟು ನೋಡಿ, ಹೌದು ಇವನೇ ಎಂದು ಗುರುತಿಸುವವರೆಗೆ ಸದರಿ ಕಲ್ಲು ನನ್ನ ಸುಪರ್ದಿಯಲ್ಲಿಯೇ ಇರುತ್ತದೆ.